ನಕ್ಷೆಯಲ್ಲಿಲ್ಲದ ಗೋಡೆಗೆ ಬಿರುಕು

ಒಂದು ಮೆಟ್ರೋ ಸ್ಟೇಷನ್ನಿನ ಕೆಲಸ ನಿಲ್ಲಿಸಬೇಕಾದರೆ ಏನು ಬೇಕು? ಭೂಕಂಪ ಬೇಕು, ಮರಳಿನ ಬಿರುಗಾಳಿ ಬೇಕು, ಕಡೇಪಕ್ಷ ಕೋರ್ಟಿನ ಆದೇಶವಾದರೂ ಬೇಕು ಎಂದು ನೀವು ತಿಳಿದಿದ್ದರೆ ನಿಮಗೆ ನಮ್ಮ ಗುಣಪಾಲರ ಪರಿಚಯವಿಲ್ಲ. ಅವರು ಅದನ್ನು ಮೂಲೆ ಮುರಿದ ಜಿಪ್ಸಮ್ ಬೋರ್ಡುಗಳಿಂದ ನಿಲ್ಲಿಸಿದರು.

ನಾವಿರುವುದು ದುಬೈ ಇನ್ವೆಸ್ಟ್‌ಮೆಂಟ್ಸ್ ಪಾರ್ಕಿನಲ್ಲಿ. ಪಾರ್ಕ್ ಎಂದ ಕೂಡಲೇ ಊರಿನವರು ಹೂವು, ಕಾರಂಜಿ, ಕಲ್ಲುಬೆಂಚು ಎಂದೆಲ್ಲ ಕಲ್ಪಿಸಿಕೊಳ್ಳುತ್ತಾರೆ. ಇರುವುದು ಕಾರ್ಖಾನೆ, ಗೋದಾಮು, ಟ್ರೈಲರು, ಅವುಗಳ ನಡುವೆ ನಮ್ಮಂಥವರ ಬಿಲ್ಡಿಂಗು. ೨೦೧೭ರಲ್ಲಿ ನಮ್ಮ ಬಿಲ್ಡಿಂಗಿನ ಎದುರೇ ಬೇಲಿ ಹಾಕಿ ಹೊಸ ಸ್ಟೇಷನ್ನಿಗೆ ಹೊಂಡ ತೋಡತೊಡಗಿದರು. ಪಾಯಕ್ಕೆ ಕಂಬ ಇಳಿಸುವ ಪೈಲಿಂಗ್ ಯಂತ್ರ ಬೆಳಗಿನಿಂದ ಸಂಜೆವರೆಗೆ ಧುಮ್ ಧುಮ್ ಎಂದು ನೆಲ ಕುಟ್ಟುತ್ತಿತ್ತು. ಅಡುಗೆಮನೆಯ ಸ್ಟೀಲ್ ಲೋಟಗಳು ತಾವಾಗಿಯೇ ಕಪಾಟಿನ ಅಂಚಿಗೆ ನಡೆದುಕೊಂಡು ಬರುತ್ತಿದ್ದವು.

ಮೂರನೇ ಮಾಳಿಗೆಯ ಗುಣಪಾಲರು ಕಾರ್ಕಳದ ಕಡೆಯವರು. ಜಿಪ್ಸಮ್ ಬೋರ್ಡ್ ಮಾಡುವ ಕಾರ್ಖಾನೆಯೊಂದರಲ್ಲಿ ಸ್ಟೋರ್‌ಕೀಪರು. ಅಂದರೆ ಬೋರ್ಡು ಬಂದಾಗ ಎಣಿಸುವುದು, ಹೋದಾಗ ಎಣಿಸುವುದು. ಆದರೆ ಯಾರಾದರೂ ಕೇಳಿದರೆ, "ನಾನು ಕನ್‌ಸ್ಟ್ರಕ್ಷನ್ ಲೈನಿನಲ್ಲಿ," ಎನ್ನುತ್ತಿದ್ದರು. ರಸ್ತೆಯಲ್ಲಿ ಹೋಗುವಾಗ ಕಟ್ಟುತ್ತಿರುವ ಕಟ್ಟಡ ಕಂಡರೆ ನಿಂತು, ಸೊಂಟಕ್ಕೆ ಕೈಯಿಟ್ಟು, ತಲೆ ಅಲ್ಲಾಡಿಸಿ, ಏನೂ ಹೇಳದೆ ಮುಂದೆ ಹೋಗುತ್ತಿದ್ದರು. ಆ ಕಟ್ಟಡಕ್ಕೆ ಏನೋ ಆಗಲಿದೆ ಎಂದು ನಮಗೆಲ್ಲ ಗಾಬರಿಯಾಗುತ್ತಿತ್ತು.

ಅವರ ಮನೆಗೆ ಒಂದೇ ಬೆಡ್‌ರೂಮು, ಒಂದು ಹಾಲು. ಹಾಲಿನ ಸೋಫಾದಲ್ಲಿ ಅವರ ಹೆಂಡತಿ ಲೋಲಾಕ್ಷಿಯ ತಮ್ಮ ಲತೇಶ್ ಮಲಗುತ್ತಿದ್ದ. ಹೋಟೆಲಿನ ರಿಸೆಪ್ಶನ್ನಿನಲ್ಲಿ ಕೆಲಸ, ಬ್ರಹ್ಮಚಾರಿ, ಯಾರಿಗೂ ತೊಂದರೆಯಿರಲಿಲ್ಲ. ಆದರೆ ಅವನು ರಜೆಯಲ್ಲಿ ಊರಿಗೆ ಹೋದವನು ಅಕ್ಷಿತಾ ಎಂಬ ಹುಡುಗಿಯನ್ನು ಮದುವೆಯಾಗಿ ಬಂದ. ಅವಳಿಗೆ ವಿಸಿಟ್ ವೀಸಾ ಕೂಡ ಆಯಿತು.

"ಮದುಮಗಳನ್ನು ಸೋಫಾದಲ್ಲಿ ಮಲಗಿಸ್ಲಿಕ್ಕೆ ಆಗ್ತದಾ?" ಎಂದರು ಲೋಲಾಕ್ಷಿ. "ಅವಳ ಅಮ್ಮ ವಿಡಿಯೋ ಕಾಲ್ ಮಾಡಿ ರೂಮು ತೋರಿಸಿ ಅಂದ್ರೆ ನಾನು ಎಂತ ತೋರಿಸೋದು, ಟಿ.ವಿ.ಯಾ?"

"ಹಾಲಿಗೆ ಗೋಡೆ ಹಾಕುವಾ."

"ಹಾಗಾದ್ರೆ ಕೆಲಸದವ್ರನ್ನು ಕರೀರಿ."

ಗುಣಪಾಲರು ಪ್ಯಾಂಟು ಮೇಲೆಳೆದುಕೊಂಡರು. "ನಾನು ಇರುವಾಗ ಕೆಲಸದವ್ರು ಎಂತಕ್ಕೆ?"

ಇಲ್ಲಿ ಒಂದು ಮಾತು ಹೇಳಬೇಕು. ಬಾಡಿಗೆ ಮನೆಯಲ್ಲಿ ಪರವಾನಗಿ ಇಲ್ಲದೆ ಅಡ್ಡಗೋಡೆ ಹಾಕುವಂತಿಲ್ಲ. ಸಿಕ್ಕಿಬಿದ್ದರೆ ದಂಡ, ಮೇಲಿಂದ ಮನೆ ಖಾಲಿ. ಆದ್ದರಿಂದ ನಮ್ಮ ಬಿಲ್ಡಿಂಗಿನಲ್ಲಿ ಯಾರ ಮನೆಯಲ್ಲೂ ಅಡ್ಡಗೋಡೆ ಇಲ್ಲ. ಇದ್ದರೂ ಇಲ್ಲ. ಅದಕ್ಕೆ ಕೆಲವರು ಶೋಕೇಸಿನ ಹಿಂಭಾಗ ಎನ್ನುತ್ತಾರೆ, ಕೆಲವರು ದೇವರ ಕೋಣೆ ಎನ್ನುತ್ತಾರೆ. ಯಾರೂ ಯಾರನ್ನೂ ಕೇಳುವುದಿಲ್ಲ.

ಒಂದು ಶುಕ್ರವಾರ ಗುಣಪಾಲರು ಕಾರ್ಖಾನೆಯ ರಿಜೆಕ್ಟ್ ಬೋರ್ಡುಗಳನ್ನು ತಂದು ಗೋಡೆ ಹಾಕಿದರು. ಲತೇಶ್ ಹಿಡಿದುಕೊಂಡ, ಭಾವ ಸ್ಕ್ರೂ ಹೊಡೆದರು. ಮೇಲೆ ಚಾವಣಿಯ ಬೀಮಿಗೆ ಪಟ್ಟಿ ಬಡಿದರು. ಹೊಸ ದಂಪತಿಯ ಭಾಗಕ್ಕೆ ಗುಲಾಬಿ ಬಣ್ಣ, ತಮ್ಮ ಭಾಗಕ್ಕೆ ಕೆನೆಬಣ್ಣ. ಕೊನೆಗೆ ಒಂದು ಕ್ಯಾಲೆಂಡರ್ ತೂಗುಹಾಕಿ, ದೂರ ನಿಂತು, ಸೊಂಟಕ್ಕೆ ಕೈಯಿಟ್ಟು ನೋಡಿದರು. ಈ ಸಲ ತಲೆ ಅಲ್ಲಾಡಿಸಲಿಲ್ಲ.

ಮರುದಿನ ಬೆಳಿಗ್ಗೆ ಗೋಡೆಯ ನಡುವೆ ಮೇಲಿಂದ ಕೆಳಗಿನವರೆಗೆ ಬಿರುಕು.

"ಇದೆಂತ ಇವ್ರೆ? ನಿನ್ನೆ ಹಾಕಿದ ಗೋಡೆ ಇವತ್ತು ಬಾಯಿ ಬಿಟ್ಟಿದೆ!"

ಬೋರ್ಡಿನ ಜೋಡಣೆಗೆ ಟೇಪು ಹಾಕಿರಲಿಲ್ಲ. ಬಿರುಕು ಬಾರದಿದ್ದರೆ ಆಶ್ಚರ್ಯ. ಗುಣಪಾಲರು ಬಾಯಿ ತೆರೆದು ಏನೋ ಹೇಳುವಷ್ಟರಲ್ಲಿ ಹೊರಗಿನಿಂದ, ದೇವರೇ ಕಳಿಸಿದ ಹಾಗೆ, ಧುಮ್ ಎಂದು ಸದ್ದಾಯಿತು.

"ಕೇಳಿತಾ?" ಎಂದರು ಗುಣಪಾಲರು. "ಅದು ಕಾರಣ. ಮೆಟ್ರೋ."

ಇಲ್ಲಿಗೆ ಮುಗಿಯಬಹುದಿತ್ತು. ಆದರೆ ಬಾಗಿಲಲ್ಲಿ ಎಲ್‌ರಾಯ್ ನಿಂತಿದ್ದರು. ಪಕ್ಕದ ಫ್ಲ್ಯಾಟಿನವರು, ಶಿರ್ವದವರು. ಒಬ್ಬ ವಕೀಲರ ಆಫೀಸಿನಲ್ಲಿ ಫೈಲುಗಳನ್ನು ಕೋರ್ಟಿಗೆ ಮುಟ್ಟಿಸುವ ಕೆಲಸ. ಹತ್ತು ವರ್ಷ ಫೈಲು ಕಂಕುಳಲ್ಲಿ ಇಟ್ಟುಕೊಂಡು ತಿರುಗಿದ್ದರಿಂದ ಕಾನೂನು ಚರ್ಮದ ಮೂಲಕ ಮೈಗೆ ಇಳಿದಿದೆ ಎಂಬುದು ಅವರ ನಂಬಿಕೆ.

"ಮೆಟ್ರೋದಿಂದ ಬಿರುಕಾ?" ಎನ್ನುತ್ತಾ ಒಳಗೆ ಬಂದು ಫೋನು ತೆಗೆದು ಪಟಪಟ ಫೋಟೋ ಹೊಡೆದರು. "ಇದು ಬಿಡುವ ಕೇಸಲ್ಲ ಗುಣಪಾಲ್‌ರೆ. ನಿವಾಸಿಗಳ ಪ್ರಾಣಕ್ಕೆ ಅಪಾಯ. ಕೆಲಸಕ್ಕೇ ಸ್ಟೇ ತರ್ಲಿಕ್ಕೆ ಆಗ್ತದೆ."

"ಬೇಡ ಮಾರಾಯ್ರೆ, ಹೋಗ್ಲಿ. ಪಾಪ, ಅವ್ರೂ ಹೊಟ್ಟೆಪಾಡಿಗೆ ಮಾಡೋದು."

"ಯಾಕೆ ಬೇಡ?" ಎಂದರು ಲೋಲಾಕ್ಷಿ, ಬಹಳ ಮೆಲ್ಲಗೆ. "ಗೋಡೆ ನೀವು ಸರಿ ಹಾಕಿದ್ದು ಹೌದಾದ್ರೆ ದೂರು ಕೊಡಿ. ಇಲ್ಲದಿದ್ರೆ ಬೇಡ."

ಗುಣಪಾಲರು ಹೆಂಡತಿಯ ಮುಖ ನೋಡಿದರು. ಬಿರುಕನ್ನು ನೋಡಿದರು. ಒಬ್ಬ ಗಂಡಸಿಗೆ ಇಂಥ ಸಮಯದಲ್ಲಿ ಇರುವ ದಾರಿ ಒಂದೇ.

"ಬರೀರಿ ಎಲ್‌ರಾಯ್," ಎಂದರು.

ಎಲ್‌ರಾಯ್ ಬರೆದರು. ಎಂಥ ದೂರು! ಮೊದಲ ವಾಕ್ಯದಲ್ಲಿ ಗೋಡೆ ಬಿರುಕು ಬಿಟ್ಟಿತ್ತು, ಮೂರನೆಯದರಲ್ಲಿ ಕಟ್ಟಡ ವಾಲಿತ್ತು, ಕೊನೆಯ ಹೊತ್ತಿಗೆ ಮಹಿಳೆಯರೂ ಮಕ್ಕಳೂ ಅವಶೇಷಗಳ ಕೆಳಗಿದ್ದರು. ಅಲ್ಲಲ್ಲಿ ವಿದೌಟ್ ಪ್ರಿಜುಡಿಸ್ ಎಂದು ಉಪ್ಪಿನಂತೆ ಉದುರಿಸಿದ್ದರು. ಬಿಲ್ಡಿಂಗಿನ ಎಲ್ಲರೂ ಸಹಿ ಹಾಕಿದರು. ಎದುರು ಫ್ಲ್ಯಾಟಿನ ಬೀಫಾತಿಮ, ಉಳ್ಳಾಲದವರು, ಪೆನ್ನು ಹಿಡಿದು ಕೇಳಿದ್ದು ಒಂದೇ ಪ್ರಶ್ನೆ: "ಆ ಧುಮ್ ಧುಮ್ ನಿಲ್ತದಾ?" ನಿಲ್ಲುತ್ತದೆ ಎಂದಾಗ ತಮ್ಮದೂ ಗಂಡನದೂ ಎರಡೂ ಸಹಿ ಹಾಕಿಕೊಟ್ಟರು.

ಈ ದೂರನ್ನು ಮೆಟ್ರೋ ಆಫೀಸಿನಲ್ಲಿ ಯಾರೂ ಓದಲಿಕ್ಕಿಲ್ಲ ಎಂಬುದೇ ಗುಣಪಾಲರ ದೊಡ್ಡ ಧೈರ್ಯ. ಆದರೆ ಇದು ದುಬೈ. ಓದಿದರು. ಮರುವಾರವೇ ಇಬ್ಬರು ಬಂದು, ಗುಣಪಾಲರ ಅಡುಗೆಮನೆಯ ನೆಲದಲ್ಲಿ ಹಸಿರು ದೀಪ ಮಿಟುಕಿಸುವ ಒಂದು ಪೆಟ್ಟಿಗೆಯಿಟ್ಟು, ಕಂಪನ ಅಳೆಯುವ ಯಂತ್ರ, ಮುಟ್ಟಬೇಡಿ ಎಂದು ಹೇಳಿ ಹೋದರು. ಅದೇ ಸಂಜೆ ಪೈಲಿಂಗ್ ನಿಂತಿತು.

ಆ ಮೌನ ಎಂಥದ್ದು ಅಂತೀರಿ! ಲೋಟಗಳು ಇಟ್ಟಲ್ಲೇ ಇದ್ದವು. ಬೀಫಾತಿಮ ಒಂದು ಟಿಫಿನ್ ತುಂಬ ತುಪ್ಪದನ್ನ ತಂದುಕೊಟ್ಟರು. "ನಮ್ಮ ಸಣ್ಣವಳು ಮಧ್ಯಾಹ್ನ ನಿದ್ದೆ ಮಾಡಿದ್ಲು ಗುಣಪಾಲಣ್ಣ. ನಿಮಗೆ ಪುಣ್ಯ ಬರ್ಲಿ." ಲಿಫ್ಟಿನಲ್ಲಿ ಗುರುತಿಲ್ಲದವರೂ ದಾರಿ ಬಿಟ್ಟುಕೊಡತೊಡಗಿದರು. ಎಲ್‌ರಾಯ್ ಗುಣಪಾಲರನ್ನು "ಅಧ್ಯಕ್ಷರೇ" ಎಂದು ಕರೆಯಲು ಶುರು ಮಾಡಿದರು, ಯಾವುದರ ಅಧ್ಯಕ್ಷರೆಂದು ಯಾರಿಗೂ ಗೊತ್ತಿರಲಿಲ್ಲ. ಗುಣಪಾಲರು ಬಾಲ್ಕನಿಯಲ್ಲಿ ನಿಂತು ಸ್ತಬ್ಧವಾದ ಆ ಯಂತ್ರವನ್ನು, ತಾವೇ ಬೇಟೆಯಾಡಿದ ಆನೆ ಎಂಬಂತೆ ನೋಡುತ್ತಿದ್ದರು.

ಗುರುವಾರ ಕಂಟ್ರಾಕ್ಟರ್ ಕಂಪನಿಯ ಉತ್ತರ ಬಂತು. ಎಲ್‌ರಾಯ್ ಅದನ್ನು ಕಾರಿಡಾರಿನಲ್ಲಿ ಗಟ್ಟಿಯಾಗಿ ಓದಿದರು. ಓದುತ್ತಾ ಓದುತ್ತಾ ಗಟ್ಟಿ ಕಡಿಮೆಯಾಯಿತು.

"ಶನಿವಾರ ಇಂಜಿನಿಯರ್ ಬರ್ತಾರಂತೆ. ಬಿಲ್ಡಿಂಗಿನ ಮೂಲ ನಕ್ಷೆ ತಕ್ಕೊಂಡು. ಫೋಟೋದಲ್ಲಿರುವ ಗೋಡೆಯನ್ನು ನಕ್ಷೆಯೊಟ್ಟಿಗೆ ತಾಳೆ ಮಾಡ್ತಾರಂತೆ."



"ಆ ಗೋಡೆ ನಕ್ಷೆಯಲ್ಲಿ..." ಎಂದ ಲತೇಶ್.

"ಇಲ್ಲ," ಎಂದರು ಲೋಲಾಕ್ಷಿ.

"ಮತ್ತೆ, ದೂರು ಸುಳ್ಳಾದ್ರೆ ಕೆಲಸ ನಿಂತ ನಷ್ಟ ಎಲ್ಲ ದೂರು ಕೊಟ್ಟವ್ರ ಮೇಲೆ," ಎಂದು ಎಲ್‌ರಾಯ್ ಮುಗಿಸಿದರು. "ಅಧ್ಯಕ್ಷರೇ, ನಿಮ್ಮ ಪರಿಸ್ಥಿತಿ ಕಾನೂನಿನ ದೃಷ್ಟಿಯಿಂದ ಬಹಳ ಚಂದ ಉಂಟು. ಗೋಡೆ ಇದ್ರೆ ಅನಧಿಕೃತ, ಮನೆ ಖಾಲಿ. ಗೋಡೆ ಇಲ್ಲದಿದ್ರೆ ಸುಳ್ಳು ದೂರು. ನಮ್ಮ ವಕೀಲ್ರು ಕೇಳಿದ್ರೆ ಕುಣಿದಾರು."

"ನಮ್ಮ ಮನೆಗೂ ಬರ್ತಾರಾ?" ಎಂದರು ಬೀಫಾತಿಮ.

"ಸಹಿ ಹಾಕಿದ ಎಲ್ಲರ ಮನೆಗೂ."

"ನಾನು ಎರಡು ಸಹಿ ಹಾಕಿದ್ದೇನಲ್ಲಾ! ಈಗ ನಮ್ಮ ಗೋಡೆಯನ್ನು ಎಲ್ಲಿ ಇಡೋದು ಗುಣಪಾಲಣ್ಣ, ಫ್ರಿಜ್ಜಿನಲ್ಲಾ?"

ಲತೇಶ್ ಕಾರಿಡಾರಿನ ನೆಲದಲ್ಲೇ ಕೂತುಬಿಟ್ಟ. "ಭಾವ, ಅಕ್ಷಿತಾ ಬರೋದೂ ಶನಿವಾರವೇ. ಟಿಕೆಟ್ ಆಗಿದೆ. ಅವ್ಳ ಅಮ್ಮನಿಗೆ ನಾನು ಗುಲಾಬಿ ರೂಮಿನ ಫೋಟೋ ಕಳ್ಸಿದ್ದೇನೆ. ರೂಮೂ ಇಲ್ಲ, ಮನೆಯೂ ಇಲ್ಲ ಅಂತಾದ್ರೆ ಅವ್ಳನ್ನು ಏರ್‌ಪೋರ್ಟಿನಿಂದಲೇ ವಾಪಸ್ ಕಳ್ಸೋದಾ?"

ಗುಣಪಾಲರು ಅವನ ತೋಳು ಹಿಡಿದು ಎಬ್ಬಿಸಿದರು. "ಮೊದಲು ಗೋಡೆ ತೆಗೆಯುವಾ, ಮನೆಯಾದ್ರೂ ಉಳೀಲಿ. ದೂರಿನದ್ದು ಆಮೇಲೆ ನೋಡುವಾ," ಎಂದರು.

ಶುಕ್ರವಾರ ಎಲ್ಲ ರಜೆ. ಸೈಟಿಗೂ ರಜೆ, ಆಫೀಸಿಗೂ ರಜೆ. ನಮಾಜು ಮುಗಿಯಿತು, ಇಲ್ಲಿ ಶುಕ್ರವಾರವೇ ನಡೆಯುವ ಚರ್ಚು ಮುಗಿಯಿತು, ಊಟ ಮುಗಿಯಿತು, ಬಿಲ್ಡಿಂಗು ಎದ್ದಿತು! ಇಲ್ಲದ ಗೋಡೆಗಳನ್ನು ಎಲ್ಲರೂ ಒಟ್ಟಿಗೆ ಒಡೆಯಲು ಶುರು ಮಾಡಿದರು. ದೇವರ ಕೋಣೆಗಳು ಉರುಳಿದವು. ಶೋಕೇಸಿನ ಹಿಂಭಾಗಗಳು ಮುಂಭಾಗಕ್ಕೆ ಬಂದವು. ಸುತ್ತಿಗೆ ಇಲ್ಲದವರು ಕುಟ್ಟಾಣಿಯಲ್ಲಿ ಹೊಡೆದರು. ಬೀಫಾತಿಮರ ಗಂಡ ಕಾಲಿನಿಂದ ಒದ್ದರು, ಗೋಡೆ ನಿಂತಿತು, ಅವರು ಬಿದ್ದರು. ತಿಂಗಳುಗಟ್ಟಲೆ ಪೈಲಿಂಗ್ ಯಂತ್ರದಿಂದ ಆಗದ್ದನ್ನು ನಾವು ಒಂದು ಮಧ್ಯಾಹ್ನದಲ್ಲಿ ಮಾಡಿದೆವು. ಅಡುಗೆಮನೆಯ ಪೆಟ್ಟಿಗೆಯ ಹಸಿರು ದೀಪ ಕೆಂಪಾಗಿ, ಕಣ್ಣು ಮುಚ್ಚದೆ ಉರಿಯುತ್ತಿತ್ತು. ಯಾರೂ ಅದರ ಕಡೆ ನೋಡಲಿಲ್ಲ.

ಗುಣಪಾಲರ ಗೋಡೆ ಬಹಳ ಸುಲಭವಾಗಿ ಬಂತು. ಬರಬಾರದಷ್ಟು ಸುಲಭವಾಗಿ. ಮೇಲಿನ ಪಟ್ಟಿಯನ್ನು ಎಳೆದಾಗ ಅದರ ಜೊತೆ ಬೀಮಿನ ಸಿಮೆಂಟೂ ಹೋಳಿಗೆಯಷ್ಟಗಲ ಕಳಚಿ ಧೊಪ್ಪೆಂದು ಬಿತ್ತು. ಮೇಲೆ ನೋಡಿದರೆ ಒಳಗೆ ತುಕ್ಕು ಹಿಡಿದು ಉಬ್ಬಿದ ಕಬ್ಬಿಣ, ಅದರ ಉದ್ದಕ್ಕೂ ಬಿರುಕು. ಇದು ಟೇಪಿನ ಬಿರುಕಲ್ಲ. ಮೇಲಿನ ಮನೆಯ ಬಾತ್‌ರೂಮಿನ ನೀರು ಎಷ್ಟೋ ವರ್ಷದಿಂದ ಇಳಿದು ಇಳಿದು ಆದ ಬಿರುಕು.

"ಇದು ನಿಜವಾದದ್ದಲ್ವಾ?" ಎಂದರು ಲೋಲಾಕ್ಷಿ.

"ಇದನ್ನು ತೋರಿಸಿದ್ರೆ ಇಲ್ಲಿ ಪಟ್ಟಿ ಬಡಿದದ್ದೂ ಗೊತ್ತಾಗ್ತದೆ," ಎಂದರು ಗುಣಪಾಲರು. ಸ್ಕ್ರೂವಿನ ತೂತುಗಳು ಸಾಲಾಗಿ ಕಾಣುತ್ತಿದ್ದವು. "ಇವತ್ತಿಗೆ ಮುಚ್ಚುವಾ. ಇಂಜಿನಿಯರ್ ಹೋದ ಮೇಲೆ ಓನರಿಗೆ ಹೇಳುವಾ."

ಮುಚ್ಚಿದರು. ಮದುಮಗಳ ಸ್ವಾಗತಕ್ಕೆ ತಂದ ಬಣ್ಣದ ಕಾಗದದ ಮಾಲೆ, ಬಲೂನು, ಥರ್ಮೋಕೋಲಿನಲ್ಲಿ ಕತ್ತರಿಸಿದ "ಸುಸ್ವಾಗತ" ಎಲ್ಲವನ್ನೂ ಆ ಬೀಮಿಗೇ ಅಂಟಿಸಿದರು. ದುಬೈಯಲ್ಲಿ ಅಷ್ಟು ಅಲಂಕಾರಗೊಂಡ ಬೀಮು ಇನ್ನೊಂದಿರಲಿಲ್ಲ.

ಶನಿವಾರ ಇಂಜಿನಿಯರ್ ಬಂದರು. ಈಜಿಪ್ಟಿನವರು, ಬಾಗಿಲಿಗೆ ಅಡ್ಡವಾಗುವಷ್ಟು ಅಗಲದ ಮನುಷ್ಯ, ತಲೆಗೆ ಬಿಳಿ ಹೆಲ್ಮೆಟ್ಟು. ಜೊತೆಗೆ ನಕ್ಷೆಯ ಸುರುಳಿ ಹಿಡಿದ ಸರ್ವೆಯರ್, ನಮ್ಮ ಮಂಗಳೂರಿನ ಲಿಡ್ವಿನ್. ಇಂಜಿನಿಯರ್ ಹಾಲಿನ ನಡುವೆ ನಿಂತು ನಕ್ಷೆ ನೋಡಿದರು, ಫೋಟೋ ನೋಡಿದರು, ಹಾಲು ನೋಡಿದರು.

"ವೇರ್ ಈಸ್ ವಾಲ್?"

"ವಾಲ್ ರಿಪೇರಿ ಸರ್," ಎಂದರು ಗುಣಪಾಲರು.

"ಕ್ರ್ಯಾಕ್ ರಿಪೇರಿ?"

"ನೋ ಸರ್. ಫುಲ್ ವಾಲ್ ರಿಪೇರಿ."

"ವಾಲ್ ಮಾಫಿ?" ಅಂದರೆ, ಗೋಡೆಯೇ ಇಲ್ಲವಾ ಎಂದು.

"ಮಾಫಿ ಸರ್. ಫುಲ್ ರಿಪೇರಿ, ಸೋ ಮಾಫಿ."

ಇಂಜಿನಿಯರ್ ಹೆಲ್ಮೆಟ್ಟು ತೆಗೆದು, ತಲೆ ಒರೆಸಿ, ಮತ್ತೆ ಹಾಕಿಕೊಂಡರು. ಲಿಡ್ವಿನ್ ಹಾಲಿನ ಅರ್ಧ ಗುಲಾಬಿ, ಅರ್ಧ ಕೆನೆಬಣ್ಣ ಇರುವುದನ್ನು ನೋಡಿದ. ನಡುವೆ ನೆಲದಲ್ಲಿ ಎಳೆದ ಹಾಗೆ ನೇರವಾದ ಬಿಳಿ ಗೆರೆ ನೋಡಿದ. ಗುಣಪಾಲರನ್ನು ನೋಡಿದ. ಆಮೇಲೆ ಬಹಳ ಹೊತ್ತು ತನ್ನ ಬೂಟನ್ನೇ ನೋಡಿದ. ಅವನೂ ಕರಾಮ ಬಡಾವಣೆಯಲ್ಲಿ ಒಂದು ಶೋಕೇಸಿನ ಹಿಂಭಾಗದಲ್ಲೇ ವಾಸವಾಗಿದ್ದ.

ಆಮೇಲೆ ಪೆಟ್ಟಿಗೆಯ ಸರದಿ. ಇಂಜಿನಿಯರ್ ಅದಕ್ಕೆ ಲ್ಯಾಪ್‌ಟಾಪ್ ಜೋಡಿಸಿ ನೋಡಿದವರು ಒಮ್ಮೆಲೇ ಅರಬ್ಬಿಯಲ್ಲಿ ದೇವರನ್ನು ಕರೆದರು. ಉದ್ದಕ್ಕೆ ಏನೋ ಹೇಳಿದರು. ಲಿಡ್ವಿನ್ ಕನ್ನಡಕ್ಕೆ ತಂದ:

"ಪೈಲಿಂಗ್ ನಡೀವಾಗ ಕಂಪನ ಸಣ್ಣದಂತೆ. ಶುಕ್ರವಾರ ಸೈಟಿಗೆ ರಜೆ. ಆದ್ರೆ ಶುಕ್ರವಾರವೇ ಈ ಬಿಲ್ಡಿಂಗ್ ಹಾರಿದೆಯಂತೆ. ಅವ್ರ ಸರ್ವಿಸಿನಲ್ಲಿ ಇಂಥದ್ದು ನೋಡಿಲ್ವಂತೆ. ನಿನ್ನೆ ಇಲ್ಲಿ ಎಂತ ಆಯ್ತು ಅಂತ ಕೇಳ್ತಾರೆ."

ಎಲ್ಲರೂ ಗುಣಪಾಲರ ಕಡೆ ನೋಡಿದರು. ಬಾಗಿಲಾಚೆ ನಿಂತ ಬೀಫಾತಿಮರೂ ನೋಡಿದರು.

"ಭಜನೆ," ಎಂದರು ಗುಣಪಾಲರು.

"ಏನು?" ಎಂದ ಲಿಡ್ವಿನ್.

"ಶುಕ್ರವಾರ ಭಜನೆ ಇತ್ತು. ನಮ್ಮವ್ರದ್ದು ತಾಳ ಸ್ವಲ್ಪ ಜೋರು."

"ನಾನೂ ಇದ್ದೆ," ಎಂದರು ಎಲ್‌ರಾಯ್, ಎದೆಯ ಮೇಲಿನ ಶಿಲುಬೆಯನ್ನು ಶರ್ಟಿನೊಳಗೆ ತಳ್ಳುತ್ತಾ.

"ನಾವೂ ಕೇಳ್ಲಿಕ್ಕೆ ಹೋಗಿದ್ದೆವು," ಎಂದರು ಬೀಫಾತಿಮ.

ಇಂಜಿನಿಯರ್ ನಂಬಿದರೋ ಇಲ್ಲವೋ ತಿಳಿಯುವ ಮೊದಲೇ ಲಿಫ್ಟಿನ ಬಾಗಿಲು ತೆರೆಯಿತು. ಎರಡು ಸೂಟ್‌ಕೇಸು, ಹಪ್ಪಳ ಉಪ್ಪಿನಕಾಯಿಯ ಒಂದು ರಟ್ಟಿನ ಪೆಟ್ಟಿಗೆ, ಲತೇಶ್, ಅವನ ಹಿಂದೆ ಕೈತುಂಬ ಬಳೆಯ ಅಕ್ಷಿತಾ. ಇಷ್ಟು ಜನ ತನ್ನನ್ನು ಸ್ವಾಗತಿಸಲೇ ನಿಂತಿದ್ದಾರೆ ಎಂದುಕೊಂಡು ಅವಳು ಎಲ್ಲರಿಗೂ, ಹೆಲ್ಮೆಟ್ಟಿನವರಿಗೂ ಕೂಡ, ನಗುತ್ತಾ ಕೈಮುಗಿದಳು.

"ಎಷ್ಟು ಚಂದ ಮಾಡಿದ್ದೀರಿ ಅತ್ತಿಗೆ! ಇಲ್ಲಿ ನಿಲ್ತೇನೆ, ಅಮ್ಮನಿಗೆ ಒಂದು ಫೋಟೋ ಕಳ್ಸುವಾ," ಎಂದು ನೇರ ಸುಸ್ವಾಗತದ ಕೆಳಗೆ ಹೋಗಿ ನಿಂತಳು. ಕತ್ತೆತ್ತಿ ಒಂದು ಬಲೂನಿನ ದಾರ ಹಿಡಿದಳು.

ಗುಣಪಾಲರು ಮೇಲೆ ನೋಡಿದರು. ಮಾಲೆಯ ಸಂದಿಯಿಂದ ಸಿಮೆಂಟಿನ ಹುಡಿ ಸಣ್ಣಗೆ ಉದುರುತ್ತಿತ್ತು. ಹುಡುಗಿಯ ಹೊಸ ಸೀರೆಯ ಹೆಗಲ ಮೇಲೆ ಬೀಳುತ್ತಿತ್ತು. ಬಾಯಿ ಮುಚ್ಚಿಕೊಂಡಿದ್ದರೆ ಇನ್ನೇನು ಇಂಜಿನಿಯರ್ ಹೋಗುತ್ತಿದ್ದರು.

"ಅಲ್ಲಿ ನಿಲ್ಬೇಡ ಮಾರಾಯ್ತಿ!" ಎಂದು ಕಿರುಚಿ ಓಡಿ, ಅವಳ ಕೈ ಹಿಡಿದು ಎಳೆದರು. ಬಲೂನು, ಮಾಲೆ, ಸುಸ್ವಾಗತ ಮೂರೂ ಬಂದವು. ಅವುಗಳ ಹಿಂದೆಯೇ ತೆಂಗಿನಕಾಯಿ ಗಾತ್ರದ ಸಿಮೆಂಟು ಬಂತು, ಅವಳು ನಿಂತಿದ್ದ ಟೈಲ್ಸನ್ನು ಒಡೆದು, ಪುಟಿದು, ಇಂಜಿನಿಯರರ ಬೂಟಿನ ಮುಂದೆ ನಿಂತಿತು.

ಗುಣಪಾಲರ ಗಂಟಲಿಗೆ ಇಂಗ್ಲಿಷು ಬರಲಿಲ್ಲ. ಕನ್ನಡವೇ ಬಂತು, ಒಂದೇ ಉಸಿರಿಗೆ.

"ಸರ್, ಎಲ್ಲ ನಂದೇ ತಪ್ಪು! ಗೋಡೆ ನಾನೇ ಹಾಕಿದ್ದು, ಪರ್ಮಿಶನ್ ಇಲ್ಲ, ಬೋರ್ಡು ರಿಜೆಕ್ಟು, ಜಾಯಿಂಟಿಗೆ ಟೇಪ್ ಹಾಕ್ಲಿಲ್ಲ, ಹಾಗೆ ಬಿರುಕು ಬಂತು, ಹೆಂಡ್ತಿ ಎದುರು ಮರ್ಯಾದೆಗೆ ಮೆಟ್ರೋ ಅಂದದ್ದು, ನಿನ್ನೆ ಒಡೆದದ್ದೂ ನಾನೇ, ಭಜನೆ ಇರ್ಲಿಲ್ಲ, ಸ್ಟೋರಿನಲ್ಲಿ ಎಣಿಸುವವ ಸರ್ ನಾನು, ಇಂಜಿನಿಯರ್ ಅಲ್ಲ! ನನ್ನನ್ನು ಎಂತ ಬೇಕಾದ್ರೂ ಮಾಡಿ. ಆದ್ರೆ ಆ ಬೀಮು ಸರಿ ಇಲ್ಲ, ಅದ್ರ ಕೆಳಗೆ ಮಕ್ಕಳು ನಿಲ್ಲೋದು ಬೇಡ!"

ಇಂಜಿನಿಯರ್ ಲಿಡ್ವಿನ್ ಕಡೆ ತಿರುಗಿದರು. ಲಿಡ್ವಿನ್ ಗಂಟಲು ಸರಿಮಾಡಿಕೊಂಡ.

"ಸರ್, ಬೀಮ್ ಡೇಂಜರ್ ಅಂತ ಹೇಳ್ತಿದ್ದಾರೆ," ಎಂದ ಇಂಗ್ಲಿಷಿನಲ್ಲಿ.

"ಅಷ್ಟು ಉದ್ದ ಹೇಳಿದ್ದು ಇಷ್ಟೇಯಾ?"

"ನಮ್ಮ ಭಾಷೆ ಸ್ವಲ್ಪ ಉದ್ದ ಸರ್."

ಇಂಜಿನಿಯರ್ ಏಣಿ ತರಿಸಿ ಹತ್ತಿದರು. ಕಬ್ಬಿಣ ಮುಟ್ಟಿದರು, ಸ್ಕ್ರೂವಿನ ತೂತುಗಳ ಸಾಲಿನ ಮೇಲೆ ಬೆರಳಾಡಿಸಿದರು, ಒಂದು ಗಳಿಗೆ ಗುಣಪಾಲರನ್ನು ನೋಡಿದರು. ಇಳಿದು ಬಂದು ಗೋಡೆಯ ಫೋಟೋವನ್ನು ನಾಲ್ಕು ಮಡಿಕೆ ಮಡಚಿ ಜೇಬಿಗೆ ಹಾಕಿಕೊಂಡರು.

"ವಾಲ್ ಖಲಾಸ್," ಎಂದರು. "ಬೀಮ್ ವೆರಿ ಬ್ಯಾಡ್. ಯಲ್ಲಾ, ಎವ್ರಿಬಡಿ ಔಟ್!"

ಮುಂದಿನದು ವಕೀಲರ ಕೆಲಸ. ಬೀಮು ಹಾಳಾದದ್ದು ಹಳೇ ನೀರಿನಿಂದ ಎಂದರು ಕಂಟ್ರಾಕ್ಟರರ ವಕೀಲರು. ಪೈಲಿಂಗ್‌ನಿಂದ ಎಂದರು ಓನರರ ವಕೀಲರು. ಅವರು ಇವತ್ತಿಗೂ ವಾದಿಸುತ್ತಿರಬಹುದು. ಆದರೆ ಆ ಮನೆಯಲ್ಲಿ ಜನ ಇರುವವರೆಗೆ ಪೈಲಿಂಗ್ ಶುರು ಮಾಡುವಂತಿಲ್ಲ, ಕಂಟ್ರಾಕ್ಟರರಿಗೋ ಅವಸರ. ಬೀಮು ರಿಪೇರಿಯಾಗುವವರೆಗೆ ಗುಣಪಾಲರ ಸಂಸಾರಕ್ಕೆ ಎರಡು ಬೆಡ್‌ರೂಮಿನ ಹೋಟೆಲ್ ಅಪಾರ್ಟ್‌ಮೆಂಟ್ ಕೊಟ್ಟರು, ವಿದೌಟ್ ಪ್ರಿಜುಡಿಸ್.

"ಅಂದ್ರೆ?" ಎಂದು ಲೋಲಾಕ್ಷಿ ಕೇಳಿದರು.

"ತಪ್ಪು ನಮ್ಮದಲ್ಲ, ಆದ್ರೂ ಕೊಡ್ತೇವೆ ಅಂತ," ಎಂದು ಎಲ್‌ರಾಯ್ ವಿವರಿಸಿದರು.

"ನಮ್ಮ ಅತ್ತೆಯೂ ಎಲ್ಲ ಹಾಗೇ ಕೊಡೋದು."

ಬಿಲ್ಡಿಂಗಿನವರೆಲ್ಲ ಆ ದಿನದಿಂದ ಕುರ್ಚಿ ಹತ್ತಿ ತಮ್ಮ ತಮ್ಮ ಬೀಮು ತಟ್ಟಿ ನೋಡತೊಡಗಿದರು. ಬೀಫಾತಿಮರದ್ದು ಗಟ್ಟಿಯಾಗಿಯೇ ಇತ್ತು, ಅವರಿಗೆ ಬಹಳ ಬೇಸರವಾಯಿತು.

ಹೋಟೆಲ್ ಅಪಾರ್ಟ್‌ಮೆಂಟಿಗೆ ಸಾಮಾನು ಸಾಗಿಸಲು ನಾವೂ ಹೋಗಿದ್ದೆವು. ಮೆತ್ತನೆ ಮಂಚ, ಕಿಟಕಿಗೆ ಎರಡೆರಡು ಪರದೆ, ಎರಡು ರೂಮುಗಳ ನಡುವೆ ಸಾಕ್ಷಾತ್ ಗೋಡೆ. ಅಕ್ಷಿತಾ ತನ್ನ ರೂಮಿನಲ್ಲಿ ನಿಂತು ಅಮ್ಮನಿಗೆ ವಿಡಿಯೋ ಕಾಲ್ ಮಾಡಿ ಎಲ್ಲವನ್ನೂ ತೋರಿಸಿದಳು. ಆಮೇಲೆ ಬಾಗಿಲಿನಿಂದ ತಲೆ ಹೊರಗೆ ಹಾಕಿ, ಬಳೆ ಕೈಯಿಂದ ಗೋಡೆಯನ್ನು ಟಕಟಕ ತಟ್ಟಿದಳು.

"ಭಾವ, ಈ ಗೋಡೆ ಗಟ್ಟಿ ಉಂಟಲ್ವಾ?"

ಸೋಫಾದಲ್ಲಿ ಕೂತಿದ್ದ ಗುಣಪಾಲರು ಹೆಂಡತಿಯ ಕಡೆ ಒಮ್ಮೆ ನೋಡಿದರು.

"ಹೆದರ್ಬೇಡ ಮಗಾ," ಎಂದರು. "ಇದು ನಾನು ಕಟ್ಟಿದ್ದಲ್ಲ."